ಒಂಟೆಗೆ ಹಿಂದಿ ಕಲಿಸಿ ಆಸ್ಟ್ರೇಲಿಯಾಕ್ಕೆ ಹೋದದ್ದು

ಮೆಲ್ಬರ್ನ್ ವಿಮಾನ ನಿಲ್ದಾಣದ ಅಧಿಕಾರಿ ನನ್ನ ಪಾಸ್‌ಪೋರ್ಟು ತಿರುವಿ, ಏನು ಕೆಲಸ ಮಾಡುತ್ತೀರಿ ಎಂದು ಕೇಳಿದ. ಸಿನಿಮಾಗಳಿಗೆ ಮಾತು ಬರೆಯುತ್ತೇನೆ ಎಂದೆ.

‘ಎಂಥ ಸಿನಿಮಾ?’

‘ಈಗಾಗಲೇ ಮಾತಿರುವ ಸಿನಿಮಾ.’

ಅವನು ತಲೆಯೆತ್ತಿ ನೋಡಿದ. ನನಗೆ ಗಾಬರಿಯಾಯಿತು. ಐವತ್ತು ದಾಟಿದ ಮೇಲೆ ಮೊದಲ ಸಲ ದೇಶ ಬಿಟ್ಟು ಬಂದಿದ್ದೆ. ಸುಳ್ಳು ಹೇಳಿದರೆ ಸಿಕ್ಕಿಬೀಳುತ್ತೇನೆ, ನಿಜ ಹೇಳಿದರೆ ನಂಬುವುದಿಲ್ಲ ಎನ್ನುವ ಸ್ಥಿತಿ. ಕೊನೆಗೆ ನಿಜವನ್ನೇ ಹೇಳಿದೆ: ‘ನಿಮ್ಮ ದೇಶದ ಒಂದು ಒಂಟೆಗೆ ಹಿಂದಿ ಕಲಿಸಿದ್ದೇನೆ. ಅದನ್ನು ತೋರಿಸಲು ಬಂದಿದ್ದೇನೆ.’

ಅವನು ಮುಖದ ಒಂದು ಗೆರೆಯನ್ನೂ ಅಲುಗಿಸದೆ ಮುದ್ರೆ ಒತ್ತಿ, ‘ಅದಕ್ಕೆ ಇಂಗ್ಲಿಷೇ ಸರಿಯಾಗಿ ಬರುತ್ತಿರಲಿಲ್ಲ’ ಎಂದು ಪಾಸ್‌ಪೋರ್ಟು ಕೈಗಿತ್ತ. ಹತ್ತು ಹೆಜ್ಜೆ ಹೋದ ಮೇಲೆ ಅದು ತಮಾಷೆಯೆಂದು ನನಗೆ ಹೊಳೆಯಿತು. ತಿರುಗಿ ನೋಡಿದರೆ ಅವನು ಮುಂದಿನವರ ಪಾಸ್‌ಪೋರ್ಟಿನಲ್ಲಿ ಮುಳುಗಿದ್ದ. ಈ ಜನ ನಗಿಸುವುದು ಹೀಗೆ ಎಂಬ ಮೊದಲ ಪಾಠ ಅಲ್ಲೇ ಆಯಿತು.

ನನ್ನ ಕಸುಬಿನ ಬಗ್ಗೆ ನಾಲ್ಕು ಮಾತು ಹೇಳದಿದ್ದರೆ ಮುಂದಿನದು ತಿಳಿಯಲಿಕ್ಕಿಲ್ಲ. ನಾನು ಬೀದರಿನವಳು. ಮನೆಯಲ್ಲಿ ಕನ್ನಡ, ಓಣಿಯಲ್ಲಿ ದಖನಿ ಉರ್ದು, ಶಾಲೆಯಲ್ಲಿ ಪುಸ್ತಕದ ಹಿಂದಿ. ಮದುವೆಯಾಗಿ ಮುಂಬಯಿ ಸೇರಿದ ಮೇಲೆ ಈ ಕಲಸುಮೇಲೋಗರವೇ ನನಗೆ ಅನ್ನ ಕೊಟ್ಟಿತು. ಅಂಧೇರಿಯ ಒಂದು ಡಬ್ಬಿಂಗ್ ಸ್ಟುಡಿಯೋದಲ್ಲಿ ಪರದೇಶದ ಹಾಸ್ಯ ಚಿತ್ರಗಳಿಗೆ ಹಿಂದಿ ಸಂಭಾಷಣೆ ಬರೆಯುತ್ತೇನೆ. ಪರದೆಯ ಮೇಲಿನ ತುಟಿ ಮುಚ್ಚಿಕೊಂಡಲ್ಲಿ ನಮ್ಮ ಮಾತಿನಲ್ಲೂ ಪ, ಬ, ಮ ಬರಬೇಕು. ತುಟಿ ಆಡುವಷ್ಟು ಹೊತ್ತು ಮಾತು ಇರಬೇಕು, ನಿಂತ ಕೂಡಲೇ ನಿಲ್ಲಬೇಕು. ಪಾತ್ರ ಬೆನ್ನು ತಿರುಗಿಸಿತೋ, ನಮಗೆ ಹಬ್ಬ. ಏನು ಬೇಕಾದರೂ ತುಂಬಬಹುದು. ನಗೆಮಾತನ್ನು ಪದಕ್ಕೆ ಪದ ಹೇಳಿದರೆ ಅದು ಕಡಲು ದಾಟುವಾಗಲೇ ಸಾಯುತ್ತದೆ. ಹಾಗಾಗಿ ಲಂಡನ್ನಿನ ಪೊಲೀಸ ನಮ್ಮಲ್ಲಿ ಹರಿಯಾಣದ ಮಾತಾಡುತ್ತಾನೆ. ಪ್ಯಾರಿಸ್ಸಿನ ಅಡುಗೆಯವನು ಬನಾರಸಿನವನಾಗುತ್ತಾನೆ.

ಎರಡು ಸಾವಿರದ ಎಂಟರಲ್ಲಿ ನಮ್ಮ ನಿರ್ಮಾಪಕ ಸೂರಿ ಸಾಹೇಬರು ಆಸ್ಟ್ರೇಲಿಯಾದ ಒಂದು ಸಣ್ಣ ಚಿತ್ರ ಕೊಂಡುಕೊಂಡರು. ಕಥೆ ಇಷ್ಟೇ. ಮದುವೆಯಾಗದೆ ತಂಗಿಯ ಜೊತೆಗಿರುವ ಮುದುಕನೊಬ್ಬನಿಗೆ ಹೆಂಡದಂಗಡಿಯ ಲಾಟರಿಯಲ್ಲಿ ಒಂಟೆ ಬರುತ್ತದೆ. ಅದನ್ನು ಮನೆಗೆ ನಡೆಸಿಕೊಂಡು ಹೋಗುತ್ತಾನೆ. ತಂಗಿ ಒಳಗೆ ಸೇರಿಸುವುದಿಲ್ಲ. ಕೊನೆಗೆ ಒಂಟೆಯನ್ನು ಬಿಟ್ಟುಕೊಡಬೇಕಾಗುತ್ತದೆ. ಮುದುಕನ ಪಾತ್ರ ಮಾಡಿದವರು ಕೆನ್ ಎಂಬ ನಟ. ದಪ್ಪ ಮೀಸೆ, ಅದರಡಿಯಲ್ಲಿ ಅಲುಗಿತೋ ಇಲ್ಲವೋ ಎನ್ನುವಂಥ ತುಟಿ. ಇಡೀ ಚಿತ್ರದಲ್ಲಿ ಅವರು ಆಡುವ ಮಾತು ಎರಡು ಪುಟ ತುಂಬುವುದಿಲ್ಲ.

ಸೂರಿ ಸಾಹೇಬರಿಗೆ ಮೌನ ಕಂಡರೆ ಆಗದು. ‘ಪರದೆ ಸುಮ್ಮನಾದರೆ ನಮ್ಮ ಜನ ಸೌಂಡ್ ಹೋಯಿತು ಅಂತ ಕುರ್ಚಿ ಮುರಿಯುತ್ತಾರೆ’ ಎನ್ನುವುದು ಅವರ ಸಿದ್ಧಾಂತ. ಮೊದಲ ರೀಲು ನೋಡಿ ಅವರು ಕೇಳಿದ್ದು ಒಂದೇ ಪ್ರಶ್ನೆ: ‘ಯೇ ಊಂಟ್ ಚುಪ್ ಕ್ಯೂಂ ಹೈ?’ ಈ ಒಂಟೆ ಯಾಕೆ ಸುಮ್ಮನಿದೆ?

ಹಾಗೆ ಒಂಟೆಗೆ ಮಾತು ಬಂತು. ಇಂಗ್ಲಿಷಿನಲ್ಲಿ ಅದರ ಹೆಸರು ಮರ್ವಿನ್. ಮ ಅಕ್ಷರಕ್ಕೆ ತುಟಿ ಮುಚ್ಚಬೇಕಲ್ಲ, ಹಿಂದಿಯಲ್ಲಿ ಮಿರ್ಜಾ ಎಂದು ಇಟ್ಟೆ. ಹಳೆಯ ನವಾಬರ ಠೀವಿಯ ದಖನಿ ಕೊಟ್ಟೆ. ಒಂಟೆಯ ಮೇಲೆ ಹಿಂದಿಯಲ್ಲಿ ಗಾದೆಗಳಿಗೆ ಬರವಿಲ್ಲ. ನಾವು ಆನೆ ಹೊಟ್ಟೆಗೆ ಅರೆಕಾಸಿನ ಮಜ್ಜಿಗೆ ಎನ್ನುವಲ್ಲಿ ಅವರು ಒಂಟೆ ಬಾಯಿಗೆ ಜೀರಿಗೆ ಎನ್ನುತ್ತಾರೆ. ನಮ್ಮ ಮಿರ್ಜಾ ಊಟಕ್ಕೆ ಕೂತಾಗಲೆಲ್ಲ ಜೀರಿಗೆ ಎಣಿಸುತ್ತಿದ್ದ. ಕೆನ್‌ಗೂ ಒಂಟೆಗೂ ದನಿ ಕೊಟ್ಟವನು ಹುಮನಾಬಾದಿನ ರಫೀಕ್. ವರ್ಷಗಟ್ಟಲೆ ಜನಜಂಗುಳಿಯ ಗದ್ದಲಕ್ಕೆ, ಖಳನ ಹಿಂಬಾಲಕರಿಗೆ, ನಾಯಿಗಳಿಗೆ ದನಿ ಕೊಡುತ್ತಿದ್ದವನಿಗೆ ಇದು ಮೊದಲ ನಾಯಕನ ಪಾತ್ರ. ಇಂಗ್ಲಿಷ್ ಬಾರದಿದ್ದರೂ ಕೆನ್‌ರ ದನಿಯನ್ನು ವಾರಗಟ್ಟಲೆ ಕಿವಿಗೆ ಹಾಕಿಕೊಂಡು ಕೂತಿದ್ದ.

ಒಪ್ಪಂದದಲ್ಲಿ ಒಂದು ಷರತ್ತಿತ್ತು. ಮೂಲ ನಿರ್ದೇಶಕರು ನೋಡಿ ಒಪ್ಪದೆ ಹಿಂದಿ ಪ್ರತಿ ಬಿಡುಗಡೆ ಮಾಡುವಂತಿಲ್ಲ. ಆ ನಿರ್ದೇಶಕರು, ಗ್ರೇಮ್, ಹಿಂದಿ ಬಲ್ಲವರ ನಡುವೆ ಕೂತು ನೋಡುತ್ತೇನೆ, ಬರೆದವರು ನನ್ನ ಪಕ್ಕದಲ್ಲಿರಲಿ ಎಂದರು. ಮೆಲ್ಬರ್ನ್‌ನಲ್ಲೊಂದು, ಸಿಡ್ನಿಯಲ್ಲೊಂದು ಪ್ರದರ್ಶನ ಗೊತ್ತಾಯಿತು. ಒಂಟೆ ಮಾತಾಡುವ ಸಂಗತಿಯನ್ನು ಸೂರಿ ಸಾಹೇಬರು ಅವರಿಗೆ ತಿಳಿಸಿರಲಿಲ್ಲ. ‘ನೀವು ಹೋಗ್ತೀರಲ್ಲ, ಪ್ಯಾರ್ ಸೇ ಸಮ್ಝಾ ದೀಜಿಯೇ’ ಎಂದು ಟಿಕೆಟ್ಟು ಕೊಟ್ಟರು. ಪ್ರೀತಿಯಿಂದ ತಿಳಿಹೇಳಿಬಿಡಿ.

ಟ್ರುಗನಿನಾ

ನನ್ನನ್ನು ಇಳಿಸಿಕೊಂಡವಳು ಸವಿತಾ, ದಾವಣಗೆರೆಯ ಹುಡುಗಿ. ಓದಲು ಬಂದು, ಪಿಆರ್, ಅಂದರೆ ಅಲ್ಲೇ ನೆಲೆಸುವ ಪರವಾನಗಿ, ಪಡೆದು, ವೃದ್ಧರ ಆರೈಕೆಯ ಕೆಲಸ ಮಾಡುತ್ತ, ಬಿಡುವಿನಲ್ಲಿ ಅಲ್ಲಿಯ ಭಾರತೀಯರ ಸಂಘಕ್ಕೆ ಓಡಾಡುತ್ತಿದ್ದಳು. ಮೆಲ್ಬರ್ನ್ ಪ್ರದರ್ಶನ ಅವಳದೇ ಉಸ್ತುವಾರಿ.

ಅವಳ ಮನೆಯಿದ್ದದ್ದು ಮೆಲ್ಬರ್ನ್ ಅಂಚಿನ ಟ್ರುಗನಿನಾದಲ್ಲಿ; ಅಲ್ಲಿ ಆಗಿನ್ನೂ ಮನೆಗಳು ಏಳುತ್ತಿದ್ದವು. ಒಂದು ಕಡೆ ಗೋದಾಮುಗಳು, ಇನ್ನೊಂದು ಕಡೆ ಬಯಲು, ನಡುವೆ ಒಂದೇ ಅಚ್ಚಿನ ಹೊಸ ಮನೆಗಳ ಸಾಲು. ಆಗಸ್ಟಿನ ಚಳಿಗಾಳಿಗೆ ತಡೆಯೊಡ್ಡಲು ಒಂದು ದೊಡ್ಡ ಮರವಿಲ್ಲ. ಬೀದಿಯಲ್ಲಿ ಒಂದು ನರಪಿಳ್ಳೆ ಇಲ್ಲ, ಒಂದು ಹಾರ್ನ್ ಇಲ್ಲ. ಮೊದಲ ಬೆಳಗ್ಗೆ ಎದ್ದು, ಊರಲ್ಲಿ ಯಾರಾದರೂ ದೊಡ್ಡವರು ತೀರಿಕೊಂಡರೇ ಎಂದು ಸವಿತಾಳನ್ನು ಕೇಳಿದೆ.

‘ಇಲ್ಲ ಆಂಟಿ, ಇದು ನಾರ್ಮಲ್. ನಂಗೂ ಫಸ್ಟ್ ಇಯರ್ ಕಿವಿ ಕಿತ್ತುಹೋಗಿದೆ ಅನ್ಸ್ತಿತ್ತು. ಈಗ ಊರಿಗೆ ಹೋದ್ರೆ ಉಲ್ಟಾ, ತಲೆನೋವು ಬರತ್ತೆ.’

ಬಸ್ಸಿನಲ್ಲಿ ಇನ್ನೊಂದು ಪಾಠ. ಇಳಿಯುವವರೆಲ್ಲ ಚಾಲಕನಿಗೆ ಥ್ಯಾಂಕ್ಸ್ ಹೇಳಿ ಇಳಿಯುತ್ತಿದ್ದರು. ಹಿಂದಿನ ಬಾಗಿಲಿನಿಂದ ಇಳಿಯುವವರು ಕೂಗಿ ಹೇಳುತ್ತಿದ್ದರು. ಬೀದರಿನಿಂದ ಭಾಲ್ಕಿಗೆ ಹೋಗುವ ಬಸ್ಸಿನಲ್ಲಿ ಎಷ್ಟು ಸಲ ಕೂತಿದ್ದೇನೆ! ಚಾಲಕನ ಜೊತೆ ಜನ ಜಗಳವಾಡಿದ್ದನ್ನು, ಬೀಗರಂತೆ ತಮಾಷೆ ಮಾಡಿದ್ದನ್ನು, ಎಲೆ ಅಡಿಕೆ ಹಂಚಿಕೊಂಡದ್ದನ್ನು ಕಂಡಿದ್ದೇನೆ. ಥ್ಯಾಂಕ್ಸ್ ಹೇಳಿದ್ದು ಒಮ್ಮೆಯೂ ಕೇಳಿಲ್ಲ. ನಾನೂ ಇಳಿಯುವಾಗ ಹೇಳಿದೆ. ಚಾಲಕ ಬೆರಳೊಂದನ್ನು ಎತ್ತಿದ. ಆ ದಿನವೆಲ್ಲ ನನಗೆ ಏನೋ ಸಾಧಿಸಿದ ಖುಷಿ.

ಬಾಕ್ಸ್ ಹಿಲ್

ಪ್ರದರ್ಶನಕ್ಕೆ ಎರಡು ದಿನ ಮುಂಚೆ ಗ್ರೇಮ್ ಫೋನು ಮಾಡಿದರು. ಅವರ ಎಡಿಟಿಂಗ್ ಕೋಣೆ ಬಾಕ್ಸ್ ಹಿಲ್ ಸ್ಟೇಷನ್ ಹತ್ತಿರ, ಒಂದು ಚೀನೀ ಬೇಕರಿಯ ಮೇಲೆ ಎಂದು ಆಮೇಲೆ ತಿಳಿದದ್ದು. ‘ಬಾಕ್ಸ್ ಹಿಲ್, ದಿಸ್ ಆರ್ವೋ’ ಎಂದು ಹೇಳಿ ಫೋನಿಟ್ಟರು. ಬಾಕ್ಸ್ ಹಿಲ್ ತಿಳಿಯಿತು. ಆರ್ವೋ ಎನ್ನುವುದು ಅಲ್ಲಿಯ ಹೋಟೆಲೋ ಕಟ್ಟಡವೋ ಇರಬೇಕು ಎಂದುಕೊಂಡು, ತಡವಾಗಬಾರದೆಂದು ಬೆಳಗ್ಗೆಯೇ ಹೋಗಿ ಹುಡುಕತೊಡಗಿದೆ. ಚೀನೀ ಅಕ್ಷರದ ಬೋರ್ಡುಗಳು, ಆವಿಯೇಳುವ ತಿಂಡಿಯಂಗಡಿಗಳು, ಆಸ್ಪತ್ರೆ, ಆಫೀಸುಗಳು. ಆರ್ವೋ ಮಾತ್ರ ಇಲ್ಲ. ಕೊನೆಗೆ ತಳ್ಳುಬಂಡಿಯಲ್ಲಿ ತರಕಾರಿ ಒಯ್ಯುತ್ತಿದ್ದ ಅಜ್ಜಿಯೊಬ್ಬರನ್ನು ತಡೆದು, ಆರ್ವೋ ಎಲ್ಲಿದೆ ಎಂದು ಕೇಳಿದೆ.

ಅಜ್ಜಿ ಗಡಿಯಾರ ನೋಡಿಕೊಂಡರು. ‘ಇನ್ನೂ ಬಂದಿಲ್ಲ ಮಗು. ಊಟದ ಹೊತ್ತಾದ ಮೇಲೆ ಬರುತ್ತೆ.’

ಇವರ ಇಂಗ್ಲಿಷನ್ನೆಲ್ಲ ಇಲ್ಲಿ ಕನ್ನಡದಲ್ಲಿ ಕೊಡುತ್ತಿದ್ದೇನೆ, ಕಸುಬಿನ ಚಾಳಿ. ಆದರೆ ಆಫ್ಟರ್‌ನೂನ್ ಎನ್ನುವ ಪದವನ್ನು ಮೊಟಕು ಮಾಡಿ ಆರ್ವೋ ಎನ್ನುತ್ತಾರೆಂದು ಅಜ್ಜಿ ಬಿಡಿಸಿ ಹೇಳಿದಾಗ, ಪರಭಾಷೆಯ ಮಾತು ತಿಳಿಸುವುದೇ ನನ್ನ ಜೀವನ ಎಂದು ಅವರಿಗೆ ಹೇಳುವ ಧೈರ್ಯವಾಗಲಿಲ್ಲ.

ಮಧ್ಯಾಹ್ನ ಗ್ರೇಮ್ ಸಿಕ್ಕರು. ಎತ್ತರದ, ಬಗ್ಗಿದ ಬೆನ್ನಿನ ಮನುಷ್ಯ. ಎರಡು ಲೋಟ ಚಹಾ ಮಾಡಿ ಎದುರಿಗೆ ಕೂತರು. ನಾನು ನೇರ ವಿಷಯಕ್ಕೆ ಬಂದೆ.

‘ಹಿಂದಿಯಲ್ಲಿ ಒಂಟೆ ಮಾತಾಡುತ್ತದೆ.’

ಗ್ರೇಮ್ ಚಹಾ ಕುಡಿದರು. ‘ಒಂಟೆ.’

‘ಹೌದು.’

‘ಏನು ಹೇಳುತ್ತದೆ?’

‘ಹೆಚ್ಚಾಗಿ ಊಟ ಸರಿಯಿಲ್ಲ ಅಂತ.’

ಅವರು ಲೋಟ ಕೆಳಗಿಟ್ಟರು. ‘ಅದು ನಿಜ. ಶೂಟಿಂಗಿನಲ್ಲಿ ಊಟ ಸರಿಯಿರಲಿಲ್ಲ.’ ಆಮೇಲೆ, ‘ಕೆನ್?’

‘ಅವರೂ ಸ್ವಲ್ಪ ಹೆಚ್ಚು ಮಾತಾಡುತ್ತಾರೆ.’

ಈ ಸಲ ಅವರು ತಮಾಷೆ ಮಾಡಲಿಲ್ಲ. ಚಿತ್ರ ಮುಗಿದ ವರ್ಷವೇ ಕೆನ್ ತೀರಿಕೊಂಡರೆಂದು ಆಗ ತಿಳಿಸಿದರು. ಪ್ರದರ್ಶನಕ್ಕೆ ಕೆನ್‌ರ ಹೆಂಡತಿ ಮೊಯ್ರಾ ಬರುತ್ತಾರೆ ಎಂದೂ ಹೇಳಿದರು. ‘ನಾನು ಸಹಿ ಹಾಕುವುದು ಬಿಡುವುದು ಅವಳ ಮುಖ ನೋಡಿ’ ಎಂದರು. ರೈಲಿನಲ್ಲಿ ಹಿಂದಿರುಗುವಾಗ ಕೊನೆಯ ದೃಶ್ಯಕ್ಕೆ ನಾನು ಬರೆದ ಸಾಲುಗಳನ್ನೆಲ್ಲ ಮನಸ್ಸಿನಲ್ಲೇ ಓದಿಕೊಂಡೆ. ಮುಂಬಯಿಯಲ್ಲಿ ನಗು ತರಿಸಿದ ಸಾಲುಗಳಲ್ಲಿ ಒಂದನ್ನೂ ಆ ಹೆಂಗಸಿನ ಎದುರು ಆಡಿಸುವಂತಿರಲಿಲ್ಲ.

ಸಂಘದ ಹಾಲ್

ಶನಿವಾರ ಹಾಲ್ ತುಂಬಿತು. ಪಂಜಾಬಿನ ವಿದ್ಯಾರ್ಥಿಗಳು, ಗುಜರಾತಿನ ಅಜ್ಜಿಯರು, ತೆಲುಗರು, ನಮ್ಮವರು. ಹಿಂದೆ ಸಮೋಸದ ಟ್ರೇಗಳು, ಮುಂದೆ ಓಡಾಡುವ ಮಕ್ಕಳು, ಮೈಕಿನಲ್ಲಿ ಯಾರದೋ ಕಾರು ತೆಗೆಯಿರಿ ಎಂಬ ಮೊರೆ. ಆ ಗದ್ದಲದ ನಡುವೆ ಮೊಯ್ರಾ ಬಂದರು. ಗಿಡ್ಡ ಹೆಂಗಸು, ಬಿಳಿಗೂದಲು, ಕೆಂಪು ಉಣ್ಣೆಯ ಕೋಟು. ನನ್ನ ಪಕ್ಕದಲ್ಲಿ ಕೂತು, ಮಡಿಲಲ್ಲಿ ಕಾಗದದ ತಟ್ಟೆಯಲ್ಲಿಟ್ಟುಕೊಂಡಿದ್ದ ಸಮೋಸ ಮುರಿದು, ‘ಇದು ಖಾರವೇ?’ ಎಂದರು. ಸ್ವಲ್ಪ ಎಂದೆ. ತಿಂದು ಕಣ್ಣೀರು ಒರೆಸಿಕೊಂಡರು.

ಚಿತ್ರ ಶುರುವಾಯಿತು. ಒಂಟೆ ಬಾಯಿ ಬಿಟ್ಟ ಮೊದಲ ಸಲ, ‘ಮಿಯಾಂ, ಇತ್ತಾ ದೂರ್ ಪೈದಲ್? ನಕ್ಕೋ ಬಾಬಾ!’ ಎಂದದ್ದೇ ತಡ, ಹಾಲ್ ಸಿಡಿಯಿತು. ಇಷ್ಟು ದೂರ ನಡೆದುಕೊಂಡೇ? ಬೇಡಪ್ಪ! ಹೈದರಾಬಾದಿನ ಹುಡುಗರು ಸೀಟಿನಿಂದೆದ್ದು ಸಿಳ್ಳೆ ಹಾಕಿದರು. ಗುಜರಾತಿ ಅಜ್ಜಿಯೊಬ್ಬರು ನಗು ತಡೆಯಲಾರದೆ ಸೆರಗು ಬಾಯಿಗಿಟ್ಟುಕೊಂಡರು. ಗ್ರೇಮ್ ಎರಡು ಕೈಯಲ್ಲೂ ಮುಂದಿನ ಕುರ್ಚಿ ಹಿಡಿದು, ಪರದೆ ಬಿಟ್ಟು ಜನರ ಮುಖವನ್ನೇ ನೋಡುತ್ತಿದ್ದರು. ನಾನು ಮೊಯ್ರಾರನ್ನು ನೋಡುತ್ತಿದ್ದೆ. ಅವರು ತಲೆ ಸ್ವಲ್ಪ ವಾಲಿಸಿ, ರೇಡಿಯೋ ಕೇಳುವವರ ಹಾಗೆ ಕೇಳುತ್ತಿದ್ದರು.

ಕೊನೆಯ ದೃಶ್ಯ ಬಂತು. ಒಂಟೆಯನ್ನು ಒಯ್ಯುವ ಲಾರಿ ಬರುವವರೆಗೆ ಮುದುಕ ಅದರ ಪಕ್ಕದಲ್ಲಿ ರಸ್ತೆ ನೋಡುತ್ತ ನಿಂತಿರುತ್ತಾನೆ. ಇಂಗ್ಲಿಷಿನಲ್ಲಿ ಗಾಳಿಯ ಸದ್ದು ಬಿಟ್ಟರೆ ಬೇರೇನಿಲ್ಲ. ಹಿಂದಿಯಲ್ಲಿ ನಾನು ಒಂದು ಸಂಭಾಷಣೆಯನ್ನೇ ತುರುಕಿದ್ದೆ. ಮುದುಕ, ನೀನು ಹೋದ ಮೇಲೆ ನನ್ನ ಮಾತು ಯಾರು ಕೇಳುತ್ತಾರೆ ಎನ್ನುತ್ತಾನೆ. ಒಂಟೆ, ನೀನು ಯಾವತ್ತು ಮಾತಾಡಿದ್ದೆ ಮಿಯಾಂ ಎನ್ನುತ್ತದೆ. ಹಾಲ್ ಮತ್ತೆ ನಕ್ಕಿತು. ಚಪ್ಪಾಳೆ ಬಿತ್ತು.

ದೀಪ ಹತ್ತಿದ ಮೇಲೆ ಮೊಯ್ರಾ ನನ್ನ ಕಡೆ ತಿರುಗಿದರು. ‘ನಮ್ಮ ಇಡೀ ಸಂಸಾರದಲ್ಲಿ ಕೆನ್ ಇಷ್ಟು ಮಾತಾಡಿದ್ದಿಲ್ಲ’ ಎಂದರು. ‘ಕೊನೆಯಲ್ಲಿ ಏನು ಹೇಳಿದ?’

ಹೇಳಿದೆ. ಒಂಟೆಯ ಉತ್ತರಕ್ಕೆ ಅವರು ಗಟ್ಟಿಯಾಗಿ ನಕ್ಕರು. ನನಗೆ ಜೀವ ಬಂದಂತಾಯಿತು. ಆದರೆ ಗ್ರೇಮ್ ನಗಲಿಲ್ಲ. ಮೊಯ್ರಾರ ಕೋಟು ಹಿಡಿದುಕೊಂಡು, ‘ಸೋಮವಾರ ಮಾತಾಡೋಣ’ ಎಂದಷ್ಟೇ ಹೇಳಿ ಹೊರಟರು.

‘ಆಂಟಿ, ಓಕೆ ಅಂದ್ರಾ?’ ಎಂದು ಸವಿತಾ ಟ್ರೇ ಹಿಡಿದೇ ಓಡಿಬಂದಳು.

‘ಗೊತ್ತಾಗಲಿಲ್ಲಮ್ಮ. ಇವರ ಮುಖದಲ್ಲಿ ಏನೂ ಗೊತ್ತಾಗೋದಿಲ್ಲ.’

ಬೇಕರಿಯ ಮೇಲೆ

ಸೋಮವಾರ ಆ ಕೋಣೆಗೆ ಮೊಯ್ರಾ ನನಗಿಂತ ಮುಂಚೆ ಬಂದಿದ್ದರು. ಗ್ರೇಮ್ ಪರದೆಯ ಮೇಲೆ ಕೊನೆಯ ದೃಶ್ಯವನ್ನು ನಿಲ್ಲಿಸಿಟ್ಟಿದ್ದರು: ರಸ್ತೆ, ಒಂಟೆ, ಕೆನ್.

‘ಅವನು ಇಲ್ಲಿ ನಟನೆ ಮಾಡುತ್ತಿಲ್ಲ’ ಎಂದರು ಮೊಯ್ರಾ. ‘ಆ ದಿನ ಬೆಳಗ್ಗೆ ಡಾಕ್ಟರು ಫೋನು ಮಾಡಿದ್ದರು. ಇನ್ನೆಷ್ಟು ದಿನ ಎಂದು ಆಗಲೇ ತಿಳಿದದ್ದು. ನನಗೆ ಹೇಳಿ, ಶೂಟಿಂಗಿಗೆ ಹೋದ. ಬೇರೆ ಯಾರಿಗೂ ಹೇಳಲಿಲ್ಲ. ಇವನಿಗೂ ಹೇಳಲಿಲ್ಲ.’

ಗ್ರೇಮ್ ತಲೆಯಾಡಿಸಿದರು. ‘ಸ್ಕ್ರಿಪ್ಟಿನಲ್ಲಿ ಇಲ್ಲಿ ಎರಡು ಸಾಲು ಮಾತಿತ್ತು. ಅವನು ಆಡಲೇ ಇಲ್ಲ. ನಾನು ಕಟ್ ಹೇಳಲಿಲ್ಲ, ಯಾಕೆಂದು ನನಗೆ ಗೊತ್ತಿರಲಿಲ್ಲ.’

ಸ್ಟುಡಿಯೋದಲ್ಲಿ ಆ ದೃಶ್ಯವನ್ನು ನೂರು ಸಲವಾದರೂ ನೋಡಿದ್ದೇನೆ. ತುಟಿ ನೋಡಿದ್ದೆ. ಎಲ್ಲಿ ಮಾತು ತುಂಬಲು ಜಾಗವಿದೆ ಎಂದು ನೋಡಿದ್ದೆ. ಆ ಮನುಷ್ಯನ ಕಣ್ಣನ್ನು ಅವತ್ತು ಮೊದಲ ಸಲ ನೋಡಿದೆ.

ಇಡೀ ಚಿತ್ರವನ್ನೇ ತಿರಸ್ಕರಿಸುತ್ತಾರೆ ಎಂದುಕೊಂಡೆ. ರಫೀಕನ ಮುಖ ಕಣ್ಣಮುಂದೆ ಬಂತು. ಅಷ್ಟರಲ್ಲಿ ಮೊಯ್ರಾ ನನ್ನ ಕೈ ತಟ್ಟಿದರು.

‘ಉಳಿದ ಕಡೆಯೆಲ್ಲ ಅವನು ಬೇಕಾದಷ್ಟು ಮಾತಾಡಲಿ. ನನಗೆ ಕೇಳಲು ಇಷ್ಟ. ಅರ್ಥವಾಗದಿದ್ದರೂ ಇಷ್ಟ. ಇದೊಂದು ಕಡೆ ಮಾತ್ರ ಅವನನ್ನು ಸುಮ್ಮನೆ ಬಿಡಿ.’

ಗ್ರೇಮ್ ಒಂದು ಗುಂಡಿ ಒತ್ತಿದರು. ನನ್ನ ಸಂಭಾಷಣೆ ಮಾಯವಾಗಿ ಗಾಳಿ ಉಳಿಯಿತು. ಸಿಡ್ನಿಯಲ್ಲಿ ಹೀಗೇ ತೋರಿಸೋಣ, ಜನ ಸಹಿಸಿದರೆ ಸಹಿ ಹಾಕುತ್ತೇನೆ ಎಂದರು. ಅವರದು ಸುಲಭ. ನನಗೆ ಸೂರಿ ಸಾಹೇಬರು ಉಳಿದಿದ್ದರು.

ಸಂಜೆ ಫೋನಿನಲ್ಲಿ ಅವರು ಸಿಡಿದರು. ‘ಇಡೀ ಪಿಕ್ಚರ್ ಬಡಬಡ ಅಂದ ಒಂಟೆ ಕ್ಲೈಮ್ಯಾಕ್ಸಿನಲ್ಲಿ ಬಾಯಿ ಮುಚ್ಚಿಕೊಂಡರೆ ಪಬ್ಲಿಕ್ ಬಿಡುತ್ತಾ? ಕನಿಷ್ಠ ಒಂದು ಹಾಡಾದರೂ ಹಾಕಿ!’

ಸಿಡ್ನಿ ಆಗಲಿ, ಜನ ಏನೆನ್ನುತ್ತಾರೋ ಹಾಗೇ ಹೇಳುತ್ತೇನೆ ಎಂದೆ. ‘ಸಚ್ ಬೋಲ್ನಾ’ ಎಂದರು. ನಿಜ ಹೇಳಬೇಕು.

ದಾರಿ

ಸಿಡ್ನಿಗೆ ವಿಮಾನದಲ್ಲಿ ಹೋಗಬಹುದಿತ್ತು. ಕಾರಿನಲ್ಲಿ ಬಾ, ದೇಶ ಕಾಣುತ್ತದೆ ಎಂದರು ಗ್ರೇಮ್. ಅವರು ಸ್ಟಿಯರಿಂಗಿನಲ್ಲಿ, ಪಕ್ಕದಲ್ಲಿ ಮೊಯ್ರಾ, ಹಿಂದೆ ನಾನು ಮತ್ತು ಸವಿತಾ ಕಟ್ಟಿಕೊಟ್ಟ ಬುತ್ತಿ.

ದೇಶ ಕಂಡಿತು. ಹಸಿರು ದಿಬ್ಬಗಳು, ಬೂದು ಬಣ್ಣದ ಮರಗಳು, ಎಣಿಸಲಾರದಷ್ಟು ಕುರಿಗಳು, ಎಲ್ಲೋ ಒಂದು ಮನೆ. ಆದರೆ ನನ್ನನ್ನು ಹೆಚ್ಚು ಕಾಡಿದ್ದು ಕಾರಿನ ಒಳಗಿನ ಮೌನ. ಮೊದಲ ಗಂಟೆ ನಾನು ಪೇಚಾಡಿದೆ. ನಮ್ಮಲ್ಲಿ ಮೂವರು ಒಂದು ಗಾಡಿಯಲ್ಲಿ ಕೂತು ಮಾತಾಡದಿದ್ದರೆ ಜಗಳವಾಗಿದೆ ಎಂದೇ ಅರ್ಥ. ಹವೆ ಚೆನ್ನಾಗಿದೆ ಎಂದೆ. ‘ಪರವಾಗಿಲ್ಲ’ ಎಂದರು ಗ್ರೇಮ್. ಕುರಿಗಳು ಬಹಳ ಎಂದೆ. ‘ಹೂಂ, ಇವೆ’ ಎಂದರು ಮೊಯ್ರಾ. ನನ್ನ ಬಂಡವಾಳ ಮುಗಿಯಿತು.

ಒಂದು ಸಣ್ಣ ಊರಿನಲ್ಲಿ ನಿಂತು ಬುತ್ತಿ ಬಿಚ್ಚಿದೆವು. ಮೊಯ್ರಾ ಚಪಾತಿಗೆ ಶೇಂಗಾ ಚಟ್ನಿ ಹಚ್ಚಿಕೊಂಡು ಮೂಗು ಒರೆಸಿಕೊಳ್ಳುತ್ತ ತಿಂದರು. ಗ್ರೇಮ್ ತಮ್ಮ ಬಿಸ್ಕತ್ತನ್ನು ಕೇಳದೆಯೇ ಮುರಿದು ಅವರ ಮುಂದಿಟ್ಟರು. ಮೊಯ್ರಾ ಕೇಳದೆಯೇ ಗ್ರೇಮ್‌ರ ಚಹಾಕ್ಕೆ ಸಕ್ಕರೆ ಹಾಕಿದರು. ಒಬ್ಬನಿಗೆ ಗೆಳೆಯ ಹೋಗಿದ್ದಾನೆ, ಒಬ್ಬಳಿಗೆ ಗಂಡ ಹೋಗಿದ್ದಾನೆ. ಆ ಸುದ್ದಿ ಅವರ ನಡುವೆ ಒಂದು ಸಲವೂ ಬರಲಿಲ್ಲ, ಬಿಟ್ಟೂ ಹೋಗಲಿಲ್ಲ. ನಮ್ಮ ಕಡೆ ಸಾವಿನ ಮನೆಗೆ ಹೋದರೆ ಹಾಡಿ ಅಳುತ್ತೇವೆ. ಸತ್ತವರ ಗುಣಗಳನ್ನು ಒಂದೊಂದಾಗಿ ಹೇಳಿಕೊಂಡು ಎದೆ ಹಗುರ ಮಾಡಿಕೊಳ್ಳುತ್ತೇವೆ. ನನಗೆ ಈಗಲೂ ಅದೇ ಸರಿ ಎನಿಸುತ್ತದೆ. ಆದರೆ ಹೀಗೂ ಇರಬಹುದು ಎನ್ನುವುದು ಆ ಬೆಂಚಿನ ಮೇಲೆ ತಿಳಿಯಿತು. ಅಲ್ಲಿಂದ ಮುಂದೆ ನಾನೂ ಸುಮ್ಮನೆ ಕೂತು ಕುರಿ ನೋಡಿದೆ. ಸಿಡ್ನಿ ಬಂದದ್ದೇ ತಿಳಿಯಲಿಲ್ಲ.

ಎಪ್ಪಿಂಗ್

ಎಪ್ಪಿಂಗ್ ಸಿಡ್ನಿಯ ಉತ್ತರದ ಒಂದು ಸಬರ್ಬ್. ಅಪಾರ್ಟ್‌ಮೆಂಟುಗಳ ಊರು. ಭಾನುವಾರ ಮಧ್ಯಾಹ್ನದ ಪ್ರದರ್ಶನ. ಮೆಲ್ಬರ್ನ್‌ಗಿಂತ ಇಲ್ಲಿಯ ಹಾಲ್ ಅಚ್ಚುಕಟ್ಟು, ಜನ ಕೂಡ. ಬೆಂಗಳೂರು, ಮೈಸೂರಿನ ಸಾಫ್ಟ್‌ವೇರ್ ಕುಟುಂಬಗಳು ಬಹಳ ಇದ್ದವು. ಕುರ್ಚಿ ಹುಡುಕುತ್ತಿದ್ದವರೊಬ್ಬರು ಪಕ್ಕದವರಿಗೆ ಹೇಳುತ್ತಿದ್ದರು: ‘ಹಿಂದಿ ಅಂತೆ, ಕಾಮಿಡಿ ಅಂತೆ. ಕ್ಯಾಮಲ್ ಟಾಕ್ ಮಾಡತ್ತಂತೆ. ಬೋರ್ ಆದ್ರೆ ಇಂಟರ್ವಲ್‌ನಲ್ಲಿ ಎಸ್ಕೇಪ್ ಆಗೋಣ.’ ಮೆಲ್ಬರ್ನ್‌ನ ಸುದ್ದಿ ಆಗಲೇ ಇಲ್ಲಿಗೆ ಮುಟ್ಟಿತ್ತು.

ಅವರು ಎಸ್ಕೇಪ್ ಆಗಲಿಲ್ಲ. ಮಿರ್ಜಾ ಇಲ್ಲಿಯೂ ಗೆದ್ದ. ಮೊಯ್ರಾ ಈಗ ನಗುವಿನ ಜಾಗಗಳನ್ನು ಕಲಿತಿದ್ದರು. ಜನಕ್ಕಿಂತ ಅರೆಕ್ಷಣ ಮುಂಚೆ ನಗುತ್ತಿದ್ದರು. ನನಗೆ ಮಾತ್ರ ಒಂದೂ ಕೇಳಿಸುತ್ತಿರಲಿಲ್ಲ. ಕೊನೆಯ ದೃಶ್ಯಕ್ಕೆ ಇನ್ನೆಷ್ಟು ನಿಮಿಷ ಎಂದು ಗಡಿಯಾರ ನೋಡುತ್ತಿದ್ದೆ.

ಬಂತು. ರಸ್ತೆ, ಒಂಟೆ, ಕೆನ್. ಗಾಳಿ.

ಜನ ಕಾದರು. ಒಂಟೆ ಏನೋ ಹೇಳುತ್ತದೆ ಎಂದು ಆಗಲೇ ನಗಲು ಸಿದ್ಧವಾಗಿದ್ದರು. ಒಂಟೆ ಹೇಳಲಿಲ್ಲ. ಕುರ್ಚಿಗಳು ಕಿರುಗುಟ್ಟಿದವು. ಯಾರೋ ಕೆಮ್ಮಿದರು. ಆಮೇಲೆ ಹಿಂದಿನ ಸಾಲಿನಿಂದ, ಥೇಟ್ ನಮ್ಮೂರಿನ ಟಾಕೀಸಿನಲ್ಲಿ ಕೂಗುವ ಹಾಗೆ, ಗಂಡಸಿನ ದನಿಯೊಂದು ಬಂತು:

‘ಸೌಂಡ್!’

ಎರಡು ಮೂರು ಕಡೆ ನಗು. ಒಂದು ಸಿಳ್ಳೆ. ಸೂರಿ ಸಾಹೇಬರು ಗೆದ್ದರು ಎಂದುಕೊಂಡು ನಾನು ಕಣ್ಣು ಮುಚ್ಚಿದೆ. ಗ್ರೇಮ್ ಅಲುಗಲಿಲ್ಲ.

ಆಗ ಮುಂದಿನ ಸಾಲಿನಲ್ಲಿ ಮಗುವೊಂದು ಗಟ್ಟಿಯಾಗಿ ಇಂಗ್ಲಿಷಿನಲ್ಲಿ ಕೇಳಿತು: ‘ಮಮ್ಮಿ, ವೈ ಈಸಂಟ್ ಹಿ ಟಾಕಿಂಗ್?’

ತಾಯಿ ಮೆಲ್ಲಗೆ ಹೇಳಿದ ಕನ್ನಡ ಇಡೀ ಹಾಲಿಗೆ ಕೇಳಿಸಿತು: ‘ಶ್, ಸುಮ್ನಿರು. ಅದಕ್ಕೆ ಬೇಜಾರಾಗಿದೆ.’

ಅರ್ಥವಾದವರು ಎಷ್ಟು ಜನವೋ ಗೊತ್ತಿಲ್ಲ. ಆದರೆ ಹಾಲ್ ನಿಶ್ಶಬ್ದವಾಯಿತು. ಮತ್ತೆ ಯಾರೂ ಸೌಂಡ್ ಕೇಳಲಿಲ್ಲ. ಪರದೆಯ ಮೇಲೆ ಕೆನ್ ನಿಂತೇ ಇದ್ದರು, ಜನ ಅವರ ಜೊತೆ ನಿಂತರು. ಲಾರಿ ಬಂದು, ಒಂಟೆ ಹತ್ತಿ, ಧೂಳು ಅಡಗುವವರೆಗೆ ಒಬ್ಬರೂ ಸಮೋಸದ ಕಾಗದ ಕೂಡ ಮಡಿಸಲಿಲ್ಲ.

ನನಗೆ ಆಗ ಒಂದು ವಿಷಯ ಹೊಳೆಯಿತು. ಇಂಗ್ಲಿಷಿನ ಒಂಟೆ ಮೊದಲಿನಿಂದಲೂ ಮೂಕ; ಕೊನೆಯಲ್ಲಿ ಅದು ಸುಮ್ಮನಿದ್ದದ್ದು ಸಹಜ. ನಮ್ಮ ಮಿರ್ಜಾ ವಾಚಾಳಿ. ಅವನು ಸುಮ್ಮನಾದದ್ದಕ್ಕೆ ತೂಕವಿತ್ತು. ಸೂರಿ ಸಾಹೇಬರ ಹಟವಿಲ್ಲದಿದ್ದರೆ ಆ ತೂಕ ಬರುತ್ತಿರಲಿಲ್ಲ. ಮೊಯ್ರಾರ ಹಟವಿಲ್ಲದಿದ್ದರೂ ಬರುತ್ತಿರಲಿಲ್ಲ. ನನ್ನ ಪಾಲು ಇದರಲ್ಲಿ ಎಷ್ಟೆಂದು ಕೇಳಿದರೆ, ಎರಡೂ ಹಟಗಳ ನಡುವೆ ಓಡಾಡಿದ್ದು.

ಗ್ರೇಮ್ ದೀಪ ಹತ್ತುವ ಮೊದಲೇ ನನ್ನ ಹೆಗಲು ಮುಟ್ಟಿ, ‘ಸಹಿ ಹಾಕುತ್ತೇನೆ’ ಎಂದರು.

ಹೊರಗಿನ ಪಡಸಾಲೆಯಿಂದ ಸೂರಿ ಸಾಹೇಬರಿಗೆ ಫೋನು ಮಾಡಿ ನಡೆದದ್ದನ್ನು ನಡೆದ ಹಾಗೇ ಹೇಳಿದೆ. ಸೌಂಡ್ ಎಂದು ಕೂಗಿದ್ದನ್ನೂ ಬಿಡಲಿಲ್ಲ. ಅವರು ಬಹಳ ಹೊತ್ತು ಮಾತಾಡಲಿಲ್ಲ. ಅಷ್ಟು ಹೊತ್ತು ಅವರು ಸುಮ್ಮನಿದ್ದದ್ದನ್ನು ನಾನು ಕಂಡಿಲ್ಲ. ‘ಊಂಟ್ ಉದಾಸ್ ಹೋ ಗಯಾ’ ಎಂದು ತಮಗೆ ತಾವೇ ಹೇಳಿಕೊಂಡರು. ಒಂಟೆಗೆ ಬೇಜಾರಾಯಿತು. ‘ಆಯ್ತು, ಇರಲಿ. ಆದರೆ ಟಾಕೀಸಿನವರಿಗೆಲ್ಲ ಒಂದು ಚೀಟಿ ಕಳಿಸುತ್ತೇನೆ: ಇಲ್ಲಿ ಸೌಂಡ್ ಹೋಗಿಲ್ಲ, ಮಷೀನು ಮುಟ್ಟಬೇಡಿ.’ ಮುಂದೆ ಚಿತ್ರ ಬಿಡುಗಡೆಯಾದಾಗ ಹಾಗೇ ಕಳಿಸಿದರು.

ಫೋನಿಟ್ಟು ತಿರುಗಿದರೆ ಮೊಯ್ರಾ ಹಿಂದೆ ನಿಂತಿದ್ದರು.

‘ಕೆನ್ ಆಗಿ ಮಾತಾಡುವವನು ಎಲ್ಲಿದ್ದಾನೆ?’

‘ಮುಂಬಯಿಯಲ್ಲಿ. ರಫೀಕ್ ಅಂತ.’

‘ಅವನಿಗೆ ಥ್ಯಾಂಕ್ಸ್ ಹೇಳಬೇಕಿತ್ತು.’

ರಫೀಕನಿಗೆ ಫೋನು ಹಚ್ಚಿದೆ. ಸಹಿಯ ಸುದ್ದಿ ಹೇಳಿದಾಗ ಅವನು ‘ಯಾ ಅಲ್ಲಾ’ ಎಂದು ಕೂತೇಬಿಟ್ಟನೆಂದು ಕುರ್ಚಿಯ ಸದ್ದಿನಿಂದ ತಿಳಿಯಿತು. ಕೆನ್ ಅವರ ಹೆಂಡತಿ ಮಾತಾಡುತ್ತಾರೆ ಎಂದೆ. ಗಾಬರಿಯಾದ.

‘ಅಕ್ಕಾ, ನಂಗ ಇಂಗ್ಲಿಷ್ ಎಲ್ಲಿ ಬರ್ತದ್ರೀ? ಏನ್ ಹೇಳ್ಲಿ ನಾ ಅವರಿಗೆ?’

‘ಏನೂ ಹೇಳಬ್ಯಾಡ. ಅವರು ಹೇಳೋದು ಕೇಳು’ ಎಂದು ಫೋನನ್ನು ಮೊಯ್ರಾರ ಕೈಗಿತ್ತೆ.

ಮೊಯ್ರಾ ಥ್ಯಾಂಕ್ಸ್ ಹೇಳಿದರು. ಚೆನ್ನಾಗಿ ಮಾಡಿದ್ದೀಯ ಎಂದರು. ಆ ಕಡೆ ಸದ್ದಿಲ್ಲ. ಪಾಪ, ಅವನಿಗೆ ಬಾಯಿ ಕಟ್ಟಿಹೋಗಿರಬೇಕು ಎಂದುಕೊಂಡು ನಾನು ಫೋನಿಗೆ ಕೈ ಚಾಚಿದೆ. ಆಗ ಮೊಯ್ರಾರ ಮುಖ ಬದಲಾಯಿತು.

ರಫೀಕನಿಗೆ ಬರುತ್ತಿದ್ದ ಇಂಗ್ಲಿಷ್ ಅಂದರೆ ಆ ಚಿತ್ರದಲ್ಲಿ ಕೆನ್ ಆಡಿದ ಸಾಲುಗಳಷ್ಟೇ. ಹಿಂದಿ ಹೇಳುವ ಮುಂಚೆ ಪ್ರತಿಯೊಂದನ್ನೂ ಉಸಿರಿನ ಸಮೇತ ಬಾಯಿಪಾಠ ಮಾಡಿದ್ದ. ಅರ್ಥ ಗೊತ್ತಿಲ್ಲ, ಎಳೆತ, ನಿಲುಗಡೆ, ಮೀಸೆಯಡಿಯ ಗೊಣಗು ಎಲ್ಲ ಗೊತ್ತು. ಬೇರೆ ದಾರಿ ಕಾಣದೆ ಅವುಗಳಲ್ಲಿ ಒಂದನ್ನು ಹೇಳಿಬಿಟ್ಟ. ಪಕ್ಕದಲ್ಲಿದ್ದ ನನಗೂ ಕೇಳಿಸಿತು. ಒಂಟೆಯನ್ನು ಎಬ್ಬಿಸಲು ಮುದುಕ ಹೇಳುವ ಮಾತು: ‘ಕಮಾನ್ ದೆನ್, ಓಲ್ಡ್ ಮೇಟ್. ಹೋಮ್.’ ನಡಿಯಪ್ಪ ಗೆಳೆಯಾ, ಮನೆಗೆ.

ಹುಮನಾಬಾದಿನ ರಫೀಕನ ದನಿಯಲ್ಲ ಅದು.

ಮೊಯ್ರಾ ಫೋನನ್ನು ಕಿವಿಗೆ ಒತ್ತಿಕೊಂಡು ನಿಂತರು. ಪಡಸಾಲೆಯಲ್ಲಿ ಜನ ಚಪ್ಪಲಿ, ಕೋಟು, ಮಕ್ಕಳನ್ನು ಹುಡುಕಿಕೊಳ್ಳುತ್ತ ನಮ್ಮನ್ನು ಬಳಸಿ ಹೋಗುತ್ತಿದ್ದರು. ಆಮೇಲೆ ಅವರು ನನ್ನ ಕಡೆ ತಿರುಗಿ, ಫೋನಿನ ಬಾಯಿಗೆ ಅಂಗೈ ಅಡ್ಡವಿಟ್ಟು, ಮೆಲ್ಲನೆ ಹೇಳಿದರು:

‘ಮಾತಿಗೆ ಮುಂಚೆ ಅವನು ಸಣ್ಣಗೆ ಕೆಮ್ಮುತ್ತಿದ್ದ. ಬಿಡು ಅಂತ ಮದುವೆಯಾದಾಗಿನಿಂದ ಬೈದಿದ್ದೇನೆ. ಈ ಹುಡುಗ ಆ ಕೆಮ್ಮನ್ನೂ ಕಲಿತಿದ್ದಾನೆ.’

ಹೌದೆಂದೆ.

‘ಮಾತು ಬೇಡ’ ಎಂದರು ಮೊಯ್ರಾ. ‘ಇನ್ನೊಂದು ಸಲ ಕೆಮ್ಮಲು ಹೇಳು.’